ದರ ಎಂಬ ಮೂರನೆಯ ಸಂಖ್ಯೆ

ಕಲಬುರಗಿ ಜಿಲ್ಲೆಯ ಆಳಂದದ ಸಂತೆಯಲ್ಲಿ ಉಳ್ಳಾಗಡ್ಡಿ ರಾಶಿಯ ಹಿಂದೆ ಅವ್ವನ ಪಕ್ಕ ಕೂತ ಹತ್ತು ಹನ್ನೊಂದು ವರ್ಷದ ಹುಡುಗಿಯನ್ನು ಸ್ವಲ್ಪ ಹೊತ್ತು ಗಮನಿಸಿ.

"ಹೆಂಗ ಕಿಲೋ, ತಂಗಿ?"

"ನಲ್ವತ್ತು ರೀ."

"ದೀಡ್ ಕಿಲೋ ಹಾಕು. ಪಾವ್ ಕಿಲೋ ಮೆಣಸಿನಕಾಯಿ ಭೀ ಹಾಕು."

ಮೆಣಸಿನಕಾಯಿ ಕಿಲೋಗೆ ಎಂಬತ್ತು. ತಕ್ಕಡಿ ಇಳಿಸುವಷ್ಟರಲ್ಲಿ ಹುಡುಗಿ ಹೇಳಿಬಿಡುತ್ತಾಳೆ: "ಎಂಬತ್ತ ಆತ್ರೀ." ಗಿರಾಕಿ ಇನ್ನೂರರ ನೋಟು ಕೊಡುತ್ತಾನೆ. ಅವಳು ಇನ್ನೂರರಲ್ಲಿ ಎಂಬತ್ತನ್ನು ಕಳೆಯಲು ಹೋಗುವುದಿಲ್ಲ. ಅವನ ಅಂಗೈಮೇಲೆ ಎರಡು ಹತ್ತರ ನೋಟು ಇಟ್ಟು "ನೂರು" ಅನ್ನುತ್ತಾಳೆ, ಮೇಲೊಂದು ನೂರರ ನೋಟು ಇಟ್ಟು "ಇನ್ನೂರು" ಅನ್ನುತ್ತಾಳೆ. ವ್ಯವಹಾರ ಮುಗಿಯಿತು.

ಈ ಅರ್ಧ ನಿಮಿಷದಲ್ಲಿ ಅವಳು ಮಾಡಿದ್ದು ಸಣ್ಣ ಕೆಲಸವಲ್ಲ. ನಲವತ್ತು, ಅದರ ಅರ್ಧ ಇಪ್ಪತ್ತು, ಕೂಡಿದರೆ ಅರವತ್ತು. ಎಂಬತ್ತರ ಅರ್ಧ ನಲವತ್ತು, ಮತ್ತೆ ಅದರ ಅರ್ಧ ಇಪ್ಪತ್ತು. ಎರಡು ಗುಣಾಕಾರ, ಎರಡೂ ಭಿನ್ನರಾಶಿಯವು, ಒಂದು ಸಂಕಲನ, ಕಳೆಯುವ ಬದಲು ಏರಿಸುತ್ತ ಮುಗಿಸಿದ ಒಂದು ವ್ಯವಕಲನ. ಇದೇ ಲೆಕ್ಕ ಶಾಲೆಯ ಹಲಗೆಯ ಮೇಲೆ ಹೀಗೆ ಬರುತ್ತದೆ: ಒಂದು ಕಿಲೋಗ್ರಾಂ ಈರುಳ್ಳಿಯ ಬೆಲೆ ₹40, ಒಂದು ಕಿಲೋಗ್ರಾಂ ಮೆಣಸಿನಕಾಯಿಯ ಬೆಲೆ ₹80, 1.500 ಕಿ.ಗ್ರಾಂ ಈರುಳ್ಳಿ ಮತ್ತು 250 ಗ್ರಾಂ ಮೆಣಸಿನಕಾಯಿ ಕೊಂಡು ₹200 ಕೊಟ್ಟರೆ ಹಿಂದಿರುಗಿ ಬರುವ ಹಣವೆಷ್ಟು? ಆಗ ಎಷ್ಟೋ ಮಕ್ಕಳು 80ನ್ನು 250ರಿಂದ ಗುಣಿಸಿ 20,000 ಎಂದು ಬರೆದು ಅಡಿಗೆರೆ ಎಳೆಯುತ್ತಾರೆ. ಪಾವ್ ಕಿಲೋ ಮೆಣಸಿನಕಾಯಿಗೆ ಇಪ್ಪತ್ತು ಸಾವಿರ ರೂಪಾಯಿ! ಸಂತೆಯಲ್ಲಿ ಅದನ್ನು ಕೇಳಿದ್ದರೆ ಅದೇ ಮಕ್ಕಳು ನಕ್ಕುಬಿಡುತ್ತಿದ್ದರು. ಹಾಳೆಯ ಮೇಲೆ ನಗು ಬರುವುದಿಲ್ಲ, ಯಾಕೆಂದರೆ ಅಲ್ಲಿ 80 ಮತ್ತು 250 ಬರೀ ಅಂಕಿಗಳು.

ಈ ಅಧ್ಯಾಯ ಆ ಎರಡು ಜಾಗಗಳ ನಡುವಿನ ಅಂತರದ ಬಗ್ಗೆ. ಬೆಲೆ, ಪ್ರಮಾಣ, ಮಾರಾಟದ ಲೆಕ್ಕಗಳನ್ನು ನಾವು ಪ್ರಾಥಮಿಕ ಶಾಲೆಯ ಸುಲಭ ಲೆಕ್ಕಗಳೆಂದು ಬದಿಗಿಡುತ್ತೇವೆ. ಅವು ಸುಲಭವಲ್ಲ. ಮನುಷ್ಯನ ಬುದ್ಧಿ ಬಹಳ ತಡವಾಗಿ ಹಿಡಿದ ಒಂದು ಕಲ್ಪನೆ ಅವುಗಳ ಒಳಗಿದೆ.

ಈ ಅಂತರವನ್ನು ಅಳೆದು ತೋರಿಸಿದ ಹೆಸರಾಂತ ಅಧ್ಯಯನವೊಂದು ನಡೆದದ್ದು ಬ್ರೆಜಿಲ್‌ನಲ್ಲಿ. ರೆಸಿಫೆ ನಗರದ ಬೀದಿಗಳಲ್ಲಿ ತೆಂಗಿನಕಾಯಿ, ಹಣ್ಣು ಮಾರುತ್ತಿದ್ದ ಐವರು ಮಕ್ಕಳನ್ನು ತೆರೆಜಿನ್ಯಾ ಕರಾಹೆರ್, ಡೇವಿಡ್ ಕರಾಹೆರ್ ಮತ್ತು ಅನಲೂಸಿಯಾ ಷ್ಲೀಮನ್ ಗಿರಾಕಿಗಳಂತೆ ಮಾತಾಡಿಸಿದರು. ಆಮೇಲೆ ಅದೇ ಲೆಕ್ಕಗಳನ್ನು ಅದೇ ಮಕ್ಕಳಿಗೆ ಕಾಗದ ಪೆನ್ಸಿಲ್ ಕೊಟ್ಟು ಕೇಳಿದರು. 1985ರಲ್ಲಿ ಪ್ರಕಟವಾದ ಫಲಿತಾಂಶ ಶಿಕ್ಷಣ ಲೋಕವನ್ನು ಬೆಚ್ಚಿಬೀಳಿಸಿತು: ಬೀದಿಯಲ್ಲಿ ನೂರಕ್ಕೆ 98 ಉತ್ತರ ಸರಿ, ಕತೆಯ ರೂಪದ ಲೆಕ್ಕದಲ್ಲಿ 74, ಬರೀ ಅಂಕಿಗಳ ಲೆಕ್ಕದಲ್ಲಿ 37. ಒಂದಕ್ಕೆ 35ರಂತೆ ಹತ್ತು ತೆಂಗಿನಕಾಯಿಗೆ ಎಷ್ಟೆಂದು ಕೇಳಿದಾಗ ಒಬ್ಬ ಹುಡುಗ ಪಕ್ಕದಲ್ಲಿ ಸೊನ್ನೆ ಹಾಕಲಿಲ್ಲ. ಮೂರಕ್ಕೆ 105, ಇನ್ನೂ ಮೂರಕ್ಕೆ 210, ಹೀಗೆ ಏರಿಸುತ್ತ 315, ಕೊನೆಗೆ 350 ಎಂದ. ಮೂರರ ಬೆಲೆ ಅವನ ನಾಲಿಗೆಯ ಮೇಲಿತ್ತು, ಯಾಕೆಂದರೆ ಗಿರಾಕಿಗಳು ಹೆಚ್ಚಾಗಿ ಕೊಳ್ಳುತ್ತಿದ್ದದ್ದು ಎರಡೋ ಮೂರೋ.

ನಲವತ್ತು ವರ್ಷದ ನಂತರ, 2025ರ ಫೆಬ್ರವರಿಯಲ್ಲಿ, ಅಭಿಜಿತ್ ಬ್ಯಾನರ್ಜಿ, ಎಸ್ತರ್ ಡುಫ್ಲೊ, ಎಲಿಜಬೆತ್ ಸ್ಪೆಲ್ಕಿ ಮತ್ತು ಸಂಗಡಿಗರು 'ನೇಚರ್' ಪತ್ರಿಕೆಯಲ್ಲಿ ಕೋಲ್ಕತ್ತ ಮತ್ತು ದೆಹಲಿಯ ಅಧ್ಯಯನವೊಂದನ್ನು ಪ್ರಕಟಿಸಿದರು. ಮಾರುಕಟ್ಟೆಯಲ್ಲಿ ಕೆಲಸ ಮಾಡುವ 1,400ಕ್ಕೂ ಹೆಚ್ಚು ಮಕ್ಕಳು ಅದರಲ್ಲಿದ್ದರು. ಕಿಲೋಗೆ 20 ರೂಪಾಯಿಯ ಆಲೂಗಡ್ಡೆ 800 ಗ್ರಾಂ, ಕಿಲೋಗೆ 15 ರೂಪಾಯಿಯ ಈರುಳ್ಳಿ 1.4 ಕಿಲೋ ಎಂದರೆ ಆ ಮಕ್ಕಳು ಬಾಯಲ್ಲೇ ಹದಿನಾರು, ಇಪ್ಪತ್ತೊಂದು, ಒಟ್ಟು ಮೂವತ್ತೇಳು ಎನ್ನುತ್ತಿದ್ದರು. ಅವರಲ್ಲೇ ಹೆಚ್ಚಿನವರು ಶಾಲೆಯ ರೀತಿಯ ಭಾಗಾಕಾರದ ಮುಂದೆ ಸೋತರು. ಶಾಲೆಗೆ ಮಾತ್ರ ಹೋಗುವ ಮಕ್ಕಳ ಪಾಡು ಇದರ ತಿರುಗುಮುರುಗು: ಹಲಗೆಯ ಲೆಕ್ಕದಲ್ಲಿ ಮುಂದು, ಸಂತೆಯ ಲೆಕ್ಕದಲ್ಲಿ ಹಿಂದು.

ಇದನ್ನು ಓದಿ ಸಂತೆಯೇ ಶಾಲೆಗಿಂತ ಮೇಲು ಎಂದು ತೀರ್ಮಾನಿಸುವವರ ಮಾತನ್ನು ನಾನು ಒಪ್ಪುವುದಿಲ್ಲ. ಕಿಲೋಗೆ 37 ರೂಪಾಯಿ, ತೂಕ 2.3 ಕಿಲೋ ಎಂದಾಗ ಅರ್ಧ ಮಾಡುವ, ಏರಿಸುವ ಉಪಾಯ ಎಡವುತ್ತದೆ. ಅಲ್ಲಿ ಬೇಕಾದದ್ದು ಶಾಲೆ ಕಲಿಸುವ ಗುಣಾಕಾರ: 85 ರೂಪಾಯಿ 10 ಪೈಸೆ. ಮಗುವಿಗೆ ಎರಡೂ ಬೇಕು. ಎರಡನ್ನೂ ಜೋಡಿಸುವ ಕೀಲು ಎಲ್ಲಿದೆ ಎಂಬುದೇ ಪ್ರಶ್ನೆ, ಮತ್ತು ಆ ಕೀಲು ದರದಲ್ಲಿದೆ ಎಂದು ನನ್ನ ದೃಢವಾದ ನಂಬಿಕೆ.

ಮಾರಾಟದ ಲೆಕ್ಕ ಯಾವುದೇ ಇರಲಿ, ಅದರಲ್ಲಿ ಮೂರು ಸಂಖ್ಯೆಗಳಿರುತ್ತವೆ. ಒಂದು ಸರಕಿನದು: ಎಷ್ಟು ಕಿಲೋ, ಎಷ್ಟು ಚೀಲ, ಎಷ್ಟು ಡಜನ್. ಒಂದು ಹಣದ್ದು. ಇವೆರಡನ್ನೂ ಕಣ್ಣಿಂದ ನೋಡಬಹುದು, ತಕ್ಕಡಿಯಲ್ಲಿ ಒಂದು, ಗಲ್ಲೆಯಲ್ಲಿ ಒಂದು. ಮೂರನೆಯದಾದ ದರ ಎಲ್ಲೂ ಕಾಣುವುದಿಲ್ಲ. "ಕಿಲೋಗೆ ನಲವತ್ತು" ಎಂಬುದು ಕಿಲೋವೂ ಅಲ್ಲ, ರೂಪಾಯಿಯೂ ಅಲ್ಲ. ಎರಡರ ನಡುವಿನ ಸಂಬಂಧ. ಎರಡು ತೂಕಗಳನ್ನು ಕೂಡಿಸಬಹುದು, ಎರಡು ಹಣಗಳನ್ನು ಕೂಡಿಸಬಹುದು. ಎರಡು ದರಗಳನ್ನು ಕೂಡಿಸಿದರೆ ಅರ್ಥವೇ ಇರುವುದಿಲ್ಲ. ನಲವತ್ತರ ಉಳ್ಳಾಗಡ್ಡಿ, ಎಂಬತ್ತರ ಮೆಣಸಿನಕಾಯಿ ಸೇರಿದರೆ "ಕಿಲೋಗೆ ನೂರಿಪ್ಪತ್ತು" ಆಗುವುದಿಲ್ಲ. ನಾಲ್ಕನೇ ತರಗತಿಯವರೆಗೆ ಮಗು ಕಲಿತದ್ದೆಲ್ಲ ಎಣಿಸುವ, ಅಳೆಯುವ ಸಂಖ್ಯೆಗಳು. ಈಗ ಒಮ್ಮೆಲೇ ಎಣಿಸಲಾಗದ ಸಂಖ್ಯೆಯೊಂದು ಅದೇ ಅಂಕಿಯ ವೇಷ ಹಾಕಿಕೊಂಡು ಬಂದು ಕೂತಿದೆ.

ಫ್ರೆಂಚ್ ಮನೋವಿಜ್ಞಾನಿ ಜೆರಾರ್ ವೆರ್ನ್ಯೊ ಇಂಥ ಲೆಕ್ಕಗಳನ್ನು ಎರಡು ಕಂಬಸಾಲಿನಲ್ಲಿ ಬರೆದು ನೋಡುತ್ತಿದ್ದರು. ಎಡಗಡೆ ಸರಕು, ಬಲಗಡೆ ಹಣ. ಒಂದು ಡಜನ್ ಬಾಳೆಹಣ್ಣಿಗೆ 48 ರೂಪಾಯಿ, ಹದಿನೆಂಟಕ್ಕೆ ಎಷ್ಟು? ಮೇಲಿನಿಂದ ಕೆಳಗೆ ಹೋಗುವವರು ಹನ್ನೆರಡರ ಒಂದೂವರೆಪಟ್ಟು ಹದಿನೆಂಟು, ಹಾಗಾದರೆ 48ರ ಒಂದೂವರೆಪಟ್ಟು 72 ಎನ್ನುತ್ತಾರೆ. ಅಡ್ಡ ಹೋಗುವವರು ಹಣ್ಣೊಂದಕ್ಕೆ 4 ರೂಪಾಯಿ ಎಂದು ಮೊದಲು ಕಂಡುಕೊಂಡು ಹದಿನೆಂಟು ನಾಲ್ಕಲೇ 72 ಎನ್ನುತ್ತಾರೆ. ಮೊದಲ ದಾರಿಯಲ್ಲಿ ಸರಕು ಸರಕಿನ ಜತೆಗೆ, ಹಣ ಹಣದ ಜತೆಗೆ ಇರುತ್ತದೆ. ದರದ ಮುಖ ನೋಡದೆಯೇ ಉತ್ತರ ಸಿಗುತ್ತದೆ. ಸಂತೆಯ ಮಕ್ಕಳು ಹೆಚ್ಚಾಗಿ ಹೋಗುವುದು ಅದೇ ದಾರಿಯಲ್ಲಿ. ಎರಡನೆಯದರಲ್ಲಿ ಸರಕಿನಿಂದ ಹಣಕ್ಕೆ ದಾಟಬೇಕು. ಪಠ್ಯಪುಸ್ತಕ ನೇರವಾಗಿ ಈ ಎರಡನೆಯದನ್ನೇ ಕೈಗಿಡುತ್ತದೆ, ಮಗುವಿಗೆ ಆಗಲೇ ಗೊತ್ತಿರುವ ಮೊದಲ ದಾರಿಯನ್ನು ಒಮ್ಮೆಯೂ ಕೇಳುವುದಿಲ್ಲ. ಇದು ನನಗೆ ತುಂಬ ಬೇಸರ ತರುವ ಸಂಗತಿ.

ಈ ಎರಡೂ ದಾರಿಗಳನ್ನು ಒಂದೇ ಸೂತ್ರದಲ್ಲಿ ಕಟ್ಟಿದ ಮಹಾಗ್ರಂಥವೊಂದು ಇದೇ ಕಲಬುರಗಿ ನೆಲದ ಅರಸೊತ್ತಿಗೆಯ ಕಾಲದ್ದು. ಸೇಡಂ ತಾಲ್ಲೂಕಿನ ಕಾಗಿಣಾ ನದಿಯ ದಂಡೆಯ ಮಳಖೇಡ ರಾಷ್ಟ್ರಕೂಟರ ಮಾನ್ಯಖೇಟ. ಅಲ್ಲಿ ಅಮೋಘವರ್ಷ ನೃಪತುಂಗ ಆಳುತ್ತಿದ್ದ ಒಂಬತ್ತನೇ ಶತಮಾನದಲ್ಲಿ, ಸುಮಾರು 850ರ ಹೊತ್ತಿಗೆ, ಜೈನ ಗಣಿತಜ್ಞ ಮಹಾವೀರಾಚಾರ್ಯರು 'ಗಣಿತಸಾರಸಂಗ್ರಹ'ವನ್ನು ಸಂಸ್ಕೃತದಲ್ಲಿ ಬರೆದರು; ಗ್ರಂಥದ ಆರಂಭದಲ್ಲೇ ಅಮೋಘವರ್ಷನ ಸ್ತುತಿ ಇದೆ. ಹನ್ನೊಂದನೇ ಶತಮಾನದಲ್ಲಿ ಪಾವುಲೂರಿ ಮಲ್ಲನ ಅದನ್ನು ತೆಲುಗಿಗೆ ತಂದ. 1912ರಲ್ಲಿ ಎಂ. ರಂಗಾಚಾರ್ಯರು ಮದರಾಸಿನಿಂದ ಮೂಲವನ್ನೂ ಇಂಗ್ಲಿಷ್ ಅನುವಾದವನ್ನೂ ಅಚ್ಚು ಹಾಕಿಸಿದ ಮೇಲೆ ಜಗತ್ತಿನ ಗಣಿತ ಚರಿತ್ರೆಕಾರರ ಕಣ್ಣು ಇದರ ಮೇಲೆ ಬಿತ್ತು. ಆಕಾಶದ ಗ್ರಹಗಳಿಗಾಗಿ ಬರೆದ ಗಣಿತವಲ್ಲ ಇದು. ಇದರಲ್ಲಿ ತುಂಬಿರುವುದು ಹಣ್ಣು, ಧಾನ್ಯ, ಚಿನ್ನ, ಬಡ್ಡಿ, ಕೂಲಿ, ಪಾಲುದಾರಿಕೆ.

ಅದರಲ್ಲಿ ತ್ರೈರಾಶಿಕಕ್ಕೇ ಒಂದು ಪ್ರತ್ಯೇಕ ಅಧ್ಯಾಯವಿದೆ. ಗೊತ್ತಿರುವ ಸರಕು ಪ್ರಮಾಣ, ಅದರ ಬೆಲೆ ಫಲ, ನಮಗೆ ಬೇಕಾದ ಸರಕು ಇಚ್ಛೆ. ಇಚ್ಛೆಯನ್ನು ಫಲದಿಂದ ಗುಣಿಸಿ ಪ್ರಮಾಣದಿಂದ ಭಾಗಿಸು. ಇಷ್ಟು ಮಾತ್ರ ಕಂಠಪಾಠ ಮಾಡಿಸುವ ಮೇಷ್ಟ್ರುಗಳು ಅದರ ಜೀವವನ್ನೇ ಬಿಟ್ಟುಬಿಡುತ್ತಾರೆ. ಜೀವ ಇರುವುದು ಸೂತ್ರದ ಜತೆಗಿನ ಶರತ್ತಿನಲ್ಲಿ: ಪ್ರಮಾಣ ಮತ್ತು ಇಚ್ಛೆ ಒಂದೇ ಜಾತಿಯವಾಗಿರಬೇಕು. ಇಪ್ಪತ್ತು ಸಾವಿರ ರೂಪಾಯಿಯ ಮೆಣಸಿನಕಾಯಿಗೆ ಹೋಗೋಣ. ಪ್ರಮಾಣ ಒಂದು ಕಿಲೋ, ಇಚ್ಛೆ 250 ಗ್ರಾಂ, ಜಾತಿ ಬೇರೆ. ಕಿಲೋವನ್ನು 1,000 ಗ್ರಾಂ ಮಾಡಿದ ಕೂಡಲೇ 250 × 80 ÷ 1,000, ಅಂದರೆ 20 ರೂಪಾಯಿ. ಆ ಮಕ್ಕಳ ಗುಣಾಕಾರದಲ್ಲಿ ತಪ್ಪಿರಲಿಲ್ಲ. ಸಂಖ್ಯೆ ಯಾವುದರದ್ದು ಎಂದು ಅವರನ್ನು ಯಾರೂ ಕೇಳಿರಲಿಲ್ಲ.

ಮಹಾವೀರಾಚಾರ್ಯರ ಇನ್ನೊಂದು ಲೆಕ್ಕದಲ್ಲಿ ದರವೇ ಅಡಗಿ ಕೂತಿದೆ. ಒಂಬತ್ತು ಮಾದಲ ಹಣ್ಣು ಮತ್ತು ಏಳು ಬೇಲದ ಹಣ್ಣು ಸೇರಿ 107. ಏಳು ಮಾದಲ, ಒಂಬತ್ತು ಬೇಲ ಸೇರಿ 101. ಒಂದೊಂದರ ಬೆಲೆ ಎಷ್ಟು? ಬೀಜಗಣಿತದ ಎಕ್ಸ್, ವೈ ಇಲ್ಲದೆ ಐದನೇ ತರಗತಿಯ ಮಗುವೂ ಇದನ್ನು ಬಿಡಿಸಬಹುದು. ಎರಡೂ ಕೊಳ್ಳುವಿಕೆಯನ್ನು ಒಂದೇ ಬುಟ್ಟಿಗೆ ಸುರಿಯಿರಿ: ಹದಿನಾರು ಮಾದಲ, ಹದಿನಾರು ಬೇಲ, ಒಟ್ಟು 208. ಹಾಗಾದರೆ ಒಂದು ಮಾದಲ, ಒಂದು ಬೇಲದ ಜೋಡಿಗೆ 13. ಇನ್ನು ಎರಡು ಕೊಳ್ಳುವಿಕೆಯ ವ್ಯತ್ಯಾಸ ನೋಡಿ. ಎರಡು ಬೇಲ ಬಿಟ್ಟು ಅವುಗಳ ಬದಲು ಎರಡು ಮಾದಲ ತೆಗೆದುಕೊಂಡದ್ದಕ್ಕೆ 6 ಹೆಚ್ಚಾಯಿತು, ಅಂದರೆ ಮಾದಲ ಬೇಲಕ್ಕಿಂತ 3 ದುಬಾರಿ. ಜೋಡಿಗೆ 13, ವ್ಯತ್ಯಾಸ 3: ಮಾದಲ 8, ಬೇಲ 5. ಅಂಕಿಗಳನ್ನು ಅದಲುಬದಲು ಮಾಡಿ ಇಟ್ಟದ್ದರಲ್ಲೇ ಕೀಲಿಕೈ ಇದೆ. ಸಾವಿರದ ನೂರೆಪ್ಪತ್ತು ವರ್ಷದ ಹಿಂದೆ ಒಬ್ಬ ಗುರು ಶಿಷ್ಯರಿಗಾಗಿ ಎಷ್ಟು ಪ್ರೀತಿಯಿಂದ ಈ ಅಂಕಿಗಳನ್ನು ಆರಿಸಿರಬೇಕು!

ಹನ್ನೆರಡನೇ ಶತಮಾನದಲ್ಲಿ ರಾಜಾದಿತ್ಯ 'ವ್ಯವಹಾರಗಣಿತ'ವನ್ನು ಕನ್ನಡದಲ್ಲೇ ಬರೆದ. ವ್ಯಾಪಾರದ ಲೆಕ್ಕ ಜನರ ಮಾತಿನಲ್ಲೇ ಇರಬೇಕೆಂಬ ಅರಿವು ಆಗಲೇ ಇತ್ತೆಂಬುದಕ್ಕೆ ಅದೊಂದು ಪುರಾವೆ.

ದರದ ಜತೆ ನಿತ್ಯ ಗುದ್ದಾಡಲು ಕಲಬುರಗಿಯ ಮೂರು ತಾಲ್ಲೂಕುಗಳಿಗೆ ಸಂತೆಯ ಹೊರತು ಇನ್ನೊಂದು ಕಾರಣವೂ ಇತ್ತು. ಆಳಂದ, ಅಫಜಲಪುರ, ಜೇವರ್ಗಿ ಮೂರೂ ನಿಜಾಮರ ಹೈದರಾಬಾದ್ ಸಂಸ್ಥಾನದ ಅಂಚಿನಲ್ಲಿದ್ದವು. ಅಫಜಲಪುರ, ಜೇವರ್ಗಿ ಕಡೆಯಿಂದ ಇಂಡಿ, ಸಿಂದಗಿಗೆ ಹೋದರೆ ಅದು ಬ್ರಿಟಿಷರ ಮುಂಬಯಿ ಪ್ರಾಂತ್ಯ. ಆಳಂದದಿಂದ ಅಕ್ಕಲಕೋಟೆಗೆ ಹೋದರೆ ಬೇರೊಂದು ಸಂಸ್ಥಾನ. ನಿಜಾಮರ ಸೀಮೆಯಲ್ಲಿ ಹಾಲಿ ಸಿಕ್ಕಾ ರೂಪಾಯಿ, ಆಚೆ ಕಲ್ದಾರ್ ರೂಪಾಯಿ. ಏಳು ಹಾಲಿಗೆ ಆರು ಕಲ್ದಾರ್. ಅಂದರೆ ಒಂದು ಕಲ್ದಾರ್ ರೂಪಾಯಿ ಎಂದರೆ ಹಾಲಿಯಲ್ಲಿ 1 ರೂಪಾಯಿ 2 ಆಣೆ 8 ಪೈ. ಸೊಲ್ಲಾಪುರದ ಪೇಟೆಯಲ್ಲಿ ಕಾಳು ಮಾರಿ 42 ಕಲ್ದಾರ್ ತಂದವನ ಮನೆಯಲ್ಲಿ 49 ಹಾಲಿ. ರೂಪಾಯಿಗೆ 16 ಆಣೆ, ಆಣೆಗೆ 12 ಪೈ, ಮಣಕ್ಕೆ 40 ಸೇರು. ಮಣಕ್ಕೆ ಐದು ರೂಪಾಯಿ ಎಂದರೆ ಸೇರಿಗೆ ಎರಡಾಣೆ: ಎಂಬತ್ತು ಆಣೆಯನ್ನು ನಲವತ್ತು ಸೇರಿಗೆ ಹಂಚಿದ್ದು. ಅಕ್ಷರ ಬಾರದ ಎಷ್ಟೋ ಅಜ್ಜಂದಿರ ಬಾಯಲ್ಲಿ ಈ ಲೆಕ್ಕ ಸಲೀಸಾಗಿ ಓಡುತ್ತಿತ್ತು. 1957ರ ಏಪ್ರಿಲ್ 1ರಂದು ರೂಪಾಯಿಗೆ ನೂರು ನಯೇಪೈಸೆ ಬಂತು, 1958ರಿಂದ ಕಿಲೋ ಬಂತು, 1959ರಲ್ಲಿ ಹಾಲಿ ಸಿಕ್ಕಾ ಮೂಲೆಗೆ ಸೇರಿತು. ಲೆಕ್ಕ ಎಷ್ಟೋ ಹಗುರವಾಯಿತು. ಆದರೂ ಸವ್ವಾ (ಒಂದೂಕಾಲು), ದೀಡ್ (ಒಂದೂವರೆ), ಅಡೀಚ್ (ಎರಡೂವರೆ) ಬಾಯಿಂದ ಹೋಗಲಿಲ್ಲ. ತಕ್ಕಡಿಯ ಮುಂದೆ ಇವತ್ತಿಗೂ ಅವುಗಳದ್ದೇ ಕಾರುಬಾರು.

ಹಳೆಯ ಕಾಲದಲ್ಲಿ ದರವನ್ನು ಹೇಳುತ್ತಿದ್ದ ಬಗೆಯೂ ಬೇರೆ. "ಸೇರಿಗೆ ಇಷ್ಟಾಣೆ" ಎನ್ನುವ ಜತೆಗೆ "ರೂಪಾಯಿಗೆ ಇಷ್ಟು ಸೇರು" ಎಂದೂ ಹೇಳುತ್ತಿದ್ದರು. ಬ್ರಿಟಿಷರ ಕಾಲದ ಗೆಜೆಟಿಯರುಗಳು ಧಾನ್ಯದ ಬೆಲೆಯನ್ನು ಹೀಗೇ ದಾಖಲಿಸಿವೆ. ಈ ಲೆಕ್ಕದಲ್ಲಿ ಅಂಕಿ ದೊಡ್ಡದಾದಷ್ಟೂ ಸರಕು ಅಗ್ಗ. ಬರಗಾಲ ಬಂದರೆ ಅಂಕಿ ಇಳಿಯುತ್ತದೆ. ಒಂದೇ ಸಂಬಂಧವನ್ನು ಎರಡು ಕಡೆಯಿಂದ ನೋಡಬಹುದೆಂದು ತೋರಿಸಲು ಇದಕ್ಕಿಂತ ಒಳ್ಳೆಯ ಉದಾಹರಣೆ ಬೇಕಿಲ್ಲ. ಡಜನ್‌ಗೆ 48 ಎಂದರೆ ಹಣ್ಣಿಗೆ 4 ರೂಪಾಯಿಯೂ ಹೌದು, ರೂಪಾಯಿಗೆ ಕಾಲು ಹಣ್ಣೂ ಹೌದು. ಯಾವುದನ್ನು ಯಾವುದರಿಂದ ಭಾಗಿಸಬೇಕೆಂದು ಗೊಂದಲಗೊಳ್ಳುವ ಮಗುವಿಗೆ ಎರಡನ್ನೂ ಭಾಗಿಸಿ ನೋಡಲು ಬಿಟ್ಟು, ಬಂದ ಉತ್ತರ ಏನನ್ನು ಹೇಳುತ್ತಿದೆ ಎಂದು ಕೇಳಿದರೆ ಗೊಂದಲ ಅಲ್ಲೇ ತಿಳಿಯಾಗುತ್ತದೆ.

ಇನ್ನು ಭಾಷೆಯ ತೊಡಕು. ಆಸ್ಟ್ರೇಲಿಯಾದ ಆನ್ ನ್ಯೂಮನ್ 1977ರಲ್ಲಿ ಮಕ್ಕಳ ತಪ್ಪುಗಳನ್ನು ಒಂದೊಂದಾಗಿ ಬೆನ್ನುಹತ್ತಿದರು. ಲೆಕ್ಕವನ್ನು ಓದಬೇಕು, ಅರ್ಥ ಮಾಡಿಕೊಳ್ಳಬೇಕು, ಯಾವ ಕ್ರಿಯೆ ಎಂದು ತೀರ್ಮಾನಿಸಬೇಕು, ಕ್ರಿಯೆ ಮಾಡಬೇಕು, ಉತ್ತರವನ್ನು ಸರಿಯಾಗಿ ಬರೆಯಬೇಕು. ಕಲಿಕೆಯಲ್ಲಿ ಹಿಂದಿದ್ದ ಆ ಮಕ್ಕಳ ತಪ್ಪುಗಳಲ್ಲಿ ಅರ್ಧದಷ್ಟು ಮೊದಲ ಮೂರು ಮೆಟ್ಟಿಲುಗಳಲ್ಲೇ ಆಗಿದ್ದವು, ಕೂಡಿ ಕಳೆಯುವ ಮೊದಲೇ. ಈಗ ಜೇವರ್ಗಿಯ ತಾಂಡಾ ಒಂದರ ಮಗುವನ್ನು ನೆನೆಯಿರಿ. ಮನೆಯಲ್ಲಿ ಲಂಬಾಣಿ, ಪೇಟೆಯಲ್ಲಿ ಕಲಬುರಗಿಯ ಕನ್ನಡ, ಪುಸ್ತಕದಲ್ಲಿ ಇನ್ನೊಂದು ಕನ್ನಡ. ಆಳಂದದ ಎಷ್ಟೋ ಮನೆಗಳಲ್ಲಿ ಮರಾಠಿ, ದಖನಿ ಉರ್ದು. ಉಳ್ಳಾಗಡ್ಡಿ ಗೊತ್ತಿರುವ ಮಗುವಿಗೆ ಈರುಳ್ಳಿ ಎಂಬ ಮಾತು ಗೊತ್ತಿಲ್ಲದಿದ್ದರೆ ಅದು ಗಣಿತದ ದಡ್ಡತನವಲ್ಲ. ಲೆಕ್ಕವನ್ನು ಮೊದಲು ಮಗುವಿನ ಮಾತಿನಲ್ಲೇ ಹೇಳಿಸಿ, ಆಮೇಲೆ ಪುಸ್ತಕದ ಮಾತಿಗೆ ದಾಟಿಸುವ ಶಿಕ್ಷಕರು ಈ ಭಾಗದಲ್ಲಿ ಇದ್ದಾರೆ. ಅವರು ಮಾಡುತ್ತಿರುವುದು ಬಹುದೊಡ್ಡ ಕೆಲಸ.

ಓದಲು ಬರುವ ಮಗುವಿಗೂ ಒಂದು ಬಲೆ ಕಾದಿರುತ್ತದೆ. ಈ ಲೆಕ್ಕ ನೋಡಿ: ಆಳಂದದಲ್ಲಿ ಬೆಲ್ಲ ಕಿಲೋಗೆ 55 ರೂಪಾಯಿ, ಇದು ಅಫಜಲಪುರದ ದರಕ್ಕಿಂತ 5 ರೂಪಾಯಿ ಹೆಚ್ಚು. ಅಫಜಲಪುರದಲ್ಲಿ 4 ಕಿಲೋ ಬೆಲ್ಲಕ್ಕೆ ಎಷ್ಟು? "ಹೆಚ್ಚು" ಕಂಡ ಕೂಡಲೇ ಕೂಡಿಸಿ, 60ನ್ನು ನಾಲ್ಕರಿಂದ ಗುಣಿಸಿ 240 ಎನ್ನುವವರು ಬಹಳ. ಸರಿಯುತ್ತರ 200. 1987ರಲ್ಲಿ ಲೂಯಿಸ್ ಮತ್ತು ರಿಚರ್ಡ್ ಮೇಯರ್ ಕಾಲೇಜು ವಿದ್ಯಾರ್ಥಿಗಳಲ್ಲೂ ಇದೇ ಎಡವಟ್ಟನ್ನು ಕಂಡರು. ಮುಂದೆ ಮೇರಿ ಹೆಗಾರ್ಟಿ ಮತ್ತು ಮೇಯರ್ ಓದುಗರ ಕಣ್ಣಿನ ಚಲನೆಯನ್ನು ಯಂತ್ರದಿಂದ ಹಿಂಬಾಲಿಸಿದರು. ತಪ್ಪು ಮಾಡುವವರ ಕಣ್ಣು ಮತ್ತೆ ಮತ್ತೆ ಅಂಕಿಗಳಿಗೂ "ಹೆಚ್ಚು", "ಕಡಿಮೆ" ಎಂಬ ಪದಗಳಿಗೂ ಹಿಂತಿರುಗುತ್ತಿತ್ತು. ಸರಿ ಮಾಡುವವರ ಕಣ್ಣು ಹಿಂತಿರುಗುತ್ತಿದ್ದದ್ದು ವಸ್ತುಗಳ, ಅಂಗಡಿಗಳ ಹೆಸರಿಗೆ. ಅವರು ಮನಸ್ಸಿನಲ್ಲಿ ಆ ಸನ್ನಿವೇಶವನ್ನೇ ಕಟ್ಟುತ್ತಿದ್ದರು. "ಹೆಚ್ಚು ಎಂದರೆ ಕೂಡು, ಉಳಿದದ್ದು ಎಂದರೆ ಕಳೆ, ಪ್ರತಿ ಎಂದರೆ ಗುಣಿಸು" ಎಂದು ಗೋಡೆಗೆ ಪಟ್ಟಿ ಅಂಟಿಸುವುದು ಮಕ್ಕಳಿಗೆ ಒಳ್ಳೆಯದನ್ನು ಮಾಡುವುದಿಲ್ಲ. ಆ ಪಟ್ಟಿಯನ್ನು ಕಿತ್ತುಹಾಕಿ, ಯಾವ ಊರಲ್ಲಿ ಬೆಲ್ಲ ಅಗ್ಗ ಎಂದು ಮೊದಲು ಕೇಳಬೇಕು.

ಕಲಬುರಗಿ ಎಂದರೆ ತೊಗರಿ. 2019ರಲ್ಲಿ ಇಲ್ಲಿನ ತೊಗರಿಬೇಳೆಗೆ ಭೌಗೋಳಿಕ ಸೂಚಿಕೆಯ ಮಾನ್ಯತೆಯೂ ಸಿಕ್ಕಿತು. ಈ ಮೂರು ತಾಲ್ಲೂಕುಗಳ ಮನೆಮನೆಯಲ್ಲಿ ಪ್ರತಿ ವರ್ಷ ಸುಗ್ಗಿಯಲ್ಲಿ ಬಿಡಿಸಬೇಕಾದ ಲೆಕ್ಕ ಇದು. 2024-25ರಲ್ಲಿ ಕೇಂದ್ರದ ಬೆಂಬಲ ಬೆಲೆ ಕ್ವಿಂಟಲ್‌ಗೆ 7,550 ರೂಪಾಯಿ, ಅದರ ಮೇಲೆ ರಾಜ್ಯ ಸರ್ಕಾರದ ಪ್ರೋತ್ಸಾಹಧನ 450. ಆ ವರ್ಷ ಖರೀದಿ ಕೇಂದ್ರದಲ್ಲಿ ಎಕರೆಗೆ 4 ಕ್ವಿಂಟಲ್‌ನಂತೆ ಒಬ್ಬ ರೈತನಿಂದ ಗರಿಷ್ಠ 40 ಕ್ವಿಂಟಲ್ ಕೊಳ್ಳುತ್ತಿದ್ದರು. ಐದು ಎಕರೆಯ ರೈತನೊಬ್ಬ 26 ಕ್ವಿಂಟಲ್ ಬೆಳೆದ ಎಂದುಕೊಳ್ಳೋಣ. ಖರೀದಿ ಕೇಂದ್ರಕ್ಕೆ ಹಾಕಬಹುದಾದದ್ದು 20. ಇದಕ್ಕೆ 7,550ರಂತೆ 1,51,000, 450ರಂತೆ 9,000, ಒಟ್ಟು 1,60,000. ಅಥವಾ ಮೊದಲೇ ಎರಡು ದರಗಳನ್ನು ಕೂಡಿಸಿ 8,000 ಮಾಡಿಕೊಂಡು ಇಪ್ಪತ್ತರಿಂದ ಗುಣಿಸಬಹುದು. ದರಗಳನ್ನು ಕೂಡಿಸಬಾರದು ಎಂದು ಮೇಲೆ ಹೇಳಿದೆನಲ್ಲ, ಇಲ್ಲಿ ಕೂಡಿಸಬಹುದು, ಯಾಕೆಂದರೆ ಎರಡೂ ಅದೇ ಕ್ವಿಂಟಲ್‌ನ ಮೇಲೆ ಬೀಳುವ ದರಗಳು. ಈ ಭೇದ ತಿಳಿದ ಮಗುವಿಗೆ ವಿಭಾಜಕ ನಿಯಮವನ್ನು ಬೇರೆ ಕಲಿಸಬೇಕಿಲ್ಲ.

ಉಳಿದ 6 ಕ್ವಿಂಟಲ್ ಪೇಟೆಯ ಅಡತಿಗೆ ಹೋಗಿ 7,200ರಂತೆ ಮಾರಾಟವಾಯಿತು ಎನ್ನಿ. ಅದು 43,200. ಒಟ್ಟು 2,03,200. ಕ್ವಿಂಟಲ್‌ಗೆ ಸರಾಸರಿ ಎಷ್ಟು ಬಿತ್ತು? 8,000 ಮತ್ತು 7,200ರ ನಡುವಿನ 7,600 ಎಂದು ಹೇಳುವವರು ವಿದ್ಯಾವಂತರಲ್ಲೂ ಇದ್ದಾರೆ. ಒಟ್ಟು ಹಣವನ್ನು ಒಟ್ಟು ಕ್ವಿಂಟಲ್‌ನಿಂದ ಭಾಗಿಸಿದರೆ ಬರುವುದು ಸುಮಾರು 7,815. ಹೆಚ್ಚು ದರಕ್ಕೆ ಹೆಚ್ಚು ಮಾಲು ಹೋಗಿದೆ, ಸರಾಸರಿ ಆ ಕಡೆಗೆ ವಾಲಿದೆ. ಮಹಾವೀರಾಚಾರ್ಯರು ಇದನ್ನೇ ಬೇರೆ ಬೇರೆ ಶುದ್ಧತೆಯ ಚಿನ್ನವನ್ನು ಕರಗಿಸಿ ಬೆರೆಸುವ ಲೆಕ್ಕಗಳಲ್ಲಿ ಕಲಿಸಿದ್ದಾರೆ. ಅಕ್ಕಸಾಲಿಗೆ ಯಾವ ಚಿನ್ನ ಎಷ್ಟು ತೂಕ ಎಂದು ತಿಳಿಯದೆ ಬೆರಕೆಯ ಶುದ್ಧತೆ ಹೇಳಲಾಗದು. ರೈತನಿಗೆ ಯಾವ ದರಕ್ಕೆ ಎಷ್ಟು ಕ್ವಿಂಟಲ್ ಹೋಯಿತೆಂದು ತಿಳಿಯದೆ ಸರಾಸರಿ ಹೇಳಲಾಗದು.

ಆ 26 ಕ್ವಿಂಟಲ್ ಅನ್ನು 60 ಕಿಲೋ ಹಿಡಿಯುವ ಚೀಲಗಳಲ್ಲಿ ತುಂಬಲು ಎಷ್ಟು ಚೀಲ ಬೇಕು? 2,600ನ್ನು 60ರಿಂದ ಭಾಗಿಸಿದರೆ 43 ಬಂದು 20 ಉಳಿಯುತ್ತದೆ. ಬೇಕಾದದ್ದು 44 ಚೀಲ. ಇಪ್ಪತ್ತು ಕಿಲೋ ತೊಗರಿಯನ್ನು ಯಾರೂ ಕಣದಲ್ಲಿ ಬಿಟ್ಟು ಬರುವುದಿಲ್ಲ. ಅಮೆರಿಕದಲ್ಲಿ ಹದಿಮೂರು ವರ್ಷದ ಮಕ್ಕಳಿಗೆ ಇಂಥದೇ ಪ್ರಶ್ನೆ ಕೇಳಿದ್ದರು: 36 ಜನ ಹಿಡಿಯುವ ಬಸ್ಸುಗಳಲ್ಲಿ 1,128 ಸೈನಿಕರನ್ನು ಒಯ್ಯಲು ಎಷ್ಟು ಬಸ್ಸು ಬೇಕು? 32 ಎಂದು ಸರಿಯಾಗಿ ಹೇಳಿದವರು ನೂರಕ್ಕೆ 23 ಮಾತ್ರ. 31 ಬಸ್ಸು, ಶೇಷ 12 ಎಂದು ಬರೆದವರು 29. ಭಾಗಾಕಾರ ಅವರಿಗೂ ಚೆನ್ನಾಗಿ ಬರುತ್ತಿತ್ತು.

ಕರ್ನಾಟಕದ ಸರ್ಕಾರಿ ಶಾಲೆಗಳಲ್ಲಿ ನಡೆಯುವ ಮಕ್ಕಳ ಸಂತೆ, ಮೆಟ್ರಿಕ್ ಮೇಳಗಳ ಬಗ್ಗೆ ನನಗೆ ಅಪಾರ ಗೌರವವಿದೆ. ಅಂಗಳದಲ್ಲಿ ಗೋಣಿತಟ್ಟು ಹಾಸಿ ಮಕ್ಕಳು ಮನೆಯ ಕಾಯಿಪಲ್ಲೆ, ಶೇಂಗಾ, ಮಂಡಕ್ಕಿ ತಂದು ಮಾರುತ್ತಾರೆ. ಅಕ್ಷರ ಫೌಂಡೇಶನ್ ಸರ್ಕಾರದ ಜತೆಗೂಡಿ ನಡೆಸಿದ ಗಣಿತ ಕಲಿಕಾ ಆಂದೋಲನದ ಪೆಟ್ಟಿಗೆಯಲ್ಲೂ ಆಟದ ನೋಟುಗಳು, ತಕ್ಕಡಿ ಇವೆ. ಇವೆಲ್ಲದರ ಮರುದಿನ ಇನ್ನೊಂದು ಕೆಲಸ ಆಗಬೇಕು: ನಿನ್ನೆ ಮಾರಿದ್ದನ್ನು ಇವತ್ತು ಹಾಳೆಗೆ ಇಳಿಸಬೇಕು. ಎರಡು ಕಂಬಸಾಲು ಎಳೆದು, ಪ್ರತಿ ಅಂಕಿಯ ಮುಂದೆ ಅದು ಕಿಲೋವೋ, ರೂಪಾಯಿಯೋ, ಕಿಲೋಗೆ ರೂಪಾಯಿಯೋ ಎಂದು ಬರೆಸಬೇಕು. ಎಷ್ಟೋ ಕಡೆ ಸಂತೆ ಮುಗಿದ ಸಂಜೆಗೆ ಫೋಟೊ ತೆಗೆದು ಮುಗಿಸಿಬಿಡುತ್ತಾರೆ. ಕೈಗೆ ಬಂದ ಫಸಲನ್ನು ಹೊಲದಲ್ಲೇ ಬಿಟ್ಟಂತೆ ಆಗುತ್ತದೆ.

ಹಾಗೆ ಬರೆಯತೊಡಗಿದ ಮಕ್ಕಳು ಬೇಗನೇ ಒಂದು ಪ್ರಶ್ನೆ ಎತ್ತುತ್ತಾರೆ: ಬೆಳಿಗ್ಗೆ ಒಂದು ದರ, ಸಂಜೆ ಒಂದು ದರ ಇದ್ದರೆ ಏನು ಬರೆಯಬೇಕು? ಒಳ್ಳೆಯ ಪ್ರಶ್ನೆ. ತ್ರೈರಾಶಿಕ ನಿಂತಿರುವುದೇ ದರ ಬದಲಾಗುವುದಿಲ್ಲ ಎಂಬ ಊಹೆಯ ಮೇಲೆ. ಎರಡು ಕಿಲೋಗೆ ಎಂಬತ್ತಾದರೆ ಇನ್ನೂರು ಕಿಲೋಗೆ ಎಂಟು ಸಾವಿರ ಎಂದು ಪುಸ್ತಕ ಹೇಳುತ್ತದೆ. ಇನ್ನೂರು ಕಿಲೋ ಕೊಳ್ಳುವವನು ಆ ದರ ಕೊಡುವುದಿಲ್ಲ ಎಂದು ಸಂತೆಯ ಹುಡುಗಿಗೆ ಗೊತ್ತು. ಆ ಊಹೆಯನ್ನು ಬಾಯಿಬಿಟ್ಟು ಹೇಳಿಸಿದಾಗಲೇ ಮಗು ಗಣಿತಜ್ಞರ ಹಾಗೆ ಯೋಚಿಸಲು ಶುರುಮಾಡುತ್ತದೆ.

ದರ ಬದಲಾಗುವುದನ್ನೇ ಹಿಡಿದು ಕಟ್ಟಿದ ಹಳೆಯ ಲೆಕ್ಕವೊಂದಿದೆ. ಬೇರೆ ಬೇರೆ ಬಂಡವಾಳದ ವ್ಯಾಪಾರಿಗಳು ಒಂದೇ ದರಗಳಲ್ಲಿ ಮಾರಿ ಸಮಾನ ಹಣ ಗಳಿಸುವ ಈ ಜಾತಿಯ ಲೆಕ್ಕಗಳು ಗಣಿತಸಾರಸಂಗ್ರಹದಲ್ಲೂ ಇವೆ. ನಮ್ಮ ಊರುಗಳಿಗೆ ಹೊಂದಿಸಿ ಹೇಳುತ್ತೇನೆ. ಆಳಂದದ ಅಕ್ಕನ ಬಳಿ 10 ಪೇರಲಹಣ್ಣು, ಅಫಜಲಪುರದವಳ ಬಳಿ 30, ಜೇವರ್ಗಿಯವಳ ಬಳಿ 50. ಮೂವರೂ ಒಂದೇ ಸಂತೆಯಲ್ಲಿ, ಯಾವ ಹೊತ್ತಿನಲ್ಲೂ ಮೂವರದೂ ಒಂದೇ ದರ. ಸಂಜೆ ಬುಟ್ಟಿ ಖಾಲಿಯಾದಾಗ ಮೂವರ ಕೈಯಲ್ಲೂ ಸರಿಸಮ ಹಣ. ಹೇಗೆ?

ಬೆಳಿಗ್ಗೆ ಏಳು ಹಣ್ಣಿಗೆ ಹತ್ತು ರೂಪಾಯಿಯಂತೆ ಮಾರಿದರು. ಮೊದಲನೆಯವಳದು ಒಂದು ಪಾಲು ಹೋಗಿ 3 ಹಣ್ಣು ಉಳಿದವು, ಎರಡನೆಯವಳದು ನಾಲ್ಕು ಪಾಲು ಹೋಗಿ 2, ಮೂರನೆಯವಳದು ಏಳು ಪಾಲು ಹೋಗಿ 1. ಮಾಲು ಕಡಿಮೆಯಾಯಿತು, ಗಿರಾಕಿ ಹೆಚ್ಚಾಯಿತು, ಸಂಜೆಗೆ ಹಣ್ಣೊಂದಕ್ಕೆ ಮೂವತ್ತು. ಮೊದಲನೆಯವಳಿಗೆ 10 ಮತ್ತು 90, ಎರಡನೆಯವಳಿಗೆ 40 ಮತ್ತು 60, ಮೂರನೆಯವಳಿಗೆ 70 ಮತ್ತು 30. ಮೂವರಿಗೂ ನೂರು. ಹಣ್ಣಿನ ಲೆಕ್ಕದಲ್ಲಿ ಒಬ್ಬಳಿಗೆ ಬಿದ್ದದ್ದು ಸರಾಸರಿ 10 ರೂಪಾಯಿ, ಇನ್ನೊಬ್ಬಳಿಗೆ 3 ರೂಪಾಯಿ 33 ಪೈಸೆ, ಮತ್ತೊಬ್ಬಳಿಗೆ 2. ಉತ್ತರ ಇದೊಂದೇ ಅಲ್ಲ. ಬೆಳಿಗ್ಗೆ ಐದಕ್ಕೆ ಹತ್ತು, ಸಂಜೆ ಒಂದಕ್ಕೆ ಹತ್ತು ಎಂದಿಟ್ಟುಕೊಂಡು, ಆಳಂದದ ಅಕ್ಕ ಬೆಳಿಗ್ಗೆ ಒಂದು ಹಣ್ಣನ್ನೂ ಮಾರಲಿಲ್ಲ, ಅಫಜಲಪುರದವಳು 25 ಮಾರಿದಳು, ಜೇವರ್ಗಿಯವಳು ಎಲ್ಲವನ್ನೂ ಮಾರಿದಳು ಎಂದರೂ ಮೂವರಿಗೂ ನೂರೇ ಬರುತ್ತದೆ. ಬೆಳಿಗ್ಗೆ ಆರಕ್ಕೆ ಹತ್ತು ಎಂದಿಟ್ಟುಕೊಂಡರೂ ಒಂದು ಉತ್ತರವಿದೆ. ಯಾರು ಬೆಳಿಗ್ಗೆ ಎಷ್ಟು ಮಾರಿದರು ಎಂಬುದನ್ನು ಓದುಗರೇ ಕಂಡುಕೊಳ್ಳಲಿ.